ಕಾರು ಚಿಕ್ಕದು, ಪಿಕಪ್ ದೊಡ್ಡದು: ಜಪಾನಿನ ಟರ್ಬೊ ಹ್ಯಾಚ್‌ಬ್ಯಾಕ್ ಬಗ್ಗೆ ನಿಮ್ಮ ಪ್ರಶ್ನೆಗಳು

ಈ ಸಲ ಬಂದ ಪತ್ರಗಳಲ್ಲಿ ಮೈಸೂರು, ಮಂಡ್ಯ ಕಡೆಯವೇ ಜಾಸ್ತಿ. ಅದರಲ್ಲೂ ಎಲ್ಲರ ಕಣ್ಣು ಟರ್ಬೊ ಮೇಲೆ, ಅಂದರೆ ಇಂಜಿನ್‌ಗೆ ಗಾಳಿಯನ್ನು ಒತ್ತಿ ತುಂಬಿ ಶಕ್ತಿ ಏರಿಸುವ ಸಾಧನದ ಮೇಲೆ. ಹಾಗಾಗಿ ಮೈಲೇಜು, ಸರ್ವಿಸ್ ಪ್ರಶ್ನೆಗಳನ್ನು ಮುಂದಿನ ಸಂಚಿಕೆಗೆ ಎತ್ತಿಟ್ಟಿದ್ದೇನೆ. ಇವತ್ತು ಪೂರ್ತಿ ಟರ್ಬೊ ಮಾತೇ.

ನಮಸ್ಕಾರ ಸರ್. ನಮ್ಮ ಮನೆಯಲ್ಲಿ ಟೊಯೊಟಾ ಗ್ಲಾಂಜಾ ಇದೆ. ಸೀಟ್ ಕವರ್ ಹುಡುಕೋಣ ಅಂತ ಮೊಬೈಲ್‌ನಲ್ಲಿ ಹೆಸರು ಹಾಕಿದರೆ ಯಾವುದೋ ಹಳೇ ಪುಟ್ಟ ಕಾರು ಬರುತ್ತೆ. ಬಾನೆಟ್ ಮೇಲೆ ಗಾಳಿ ಹೋಗೋಕೆ ಒಂದು ದೊಡ್ಡ ಬಾಯಿ. ಅದಕ್ಕೆ ಹೊರದೇಶದ ಹುಡುಗರು ದುಡ್ಡು ಸುರೀತಾರೆ. ಅಂಥದ್ದೇನಿದೆ ಅದರಲ್ಲಿ?
– ಓದುಗರು, ಸರಸ್ವತಿಪುರಂ, ಮೈಸೂರು

ನೀವು ನೋಡಿದ್ದು ಟೊಯೊಟಾ ಸ್ಟಾರ್ಲೆಟ್ ಗ್ಲಾಂಜಾ ವಿ. 1996ರಲ್ಲಿ ಜಪಾನಿನಲ್ಲಿ ಬಂದ ಕಾರು. ನಿಮ್ಮ ಮನೆಯ ಗ್ಲಾಂಜಾಗೆ ಅದರ ಹೆಸರು ಮಾತ್ರ ಬಂದಿದೆ. ನಿಮ್ಮದು ಮಾರುತಿ ಬಲೆನೋ ಮೇಲೆ ಮಾಡಿದ ಕಾರು, 1.2 ಲೀಟರ್, ಟರ್ಬೊ ಇಲ್ಲ, ಸುಮಾರು 90 ಪಿಎಸ್ (ಇಂಜಿನ್ ಶಕ್ತಿಯ ಅಳತೆ, ಹೆಚ್ಚುಕಮ್ಮಿ ಹಾರ್ಸ್‌ಪವರ್‌ನಷ್ಟೇ). ಒಳ್ಳೆಯ ಕಾರು, ಅದರ ಬಗ್ಗೆ ಎರಡು ಮಾತಿಲ್ಲ. ಆದರೆ ಆ ಹಳೇದರ ಜಾತಿಯೇ ಬೇರೆ.

ನನ್ನನ್ನು ಕೇಳಿದರೆ ಗ್ಲಾಂಜಾಗಿಂತ ಅದರ ಹಿಂದಿನ ಸ್ಟಾರ್ಲೆಟ್ ಜಿಟಿ ಟರ್ಬೊ ಇನ್ನೂ ಚೆಂದ. ತಿಳಿದವರು ಅದನ್ನು ಇಪಿ82 ಅಂತ ಕರೆಯುತ್ತಾರೆ. 1989ರ ಕೊನೆಯಲ್ಲಿ ಬಂದದ್ದು. ಎರಡಕ್ಕೂ ಒಂದೇ ಇಂಜಿನ್: 4ಇ-ಎಫ್‌ಟಿಇ. 1331 ಸಿಸಿ, ನಾಲ್ಕು ಸಿಲಿಂಡರ್, 16 ವಾಲ್ವ್, ಪುಟ್ಟದೊಂದು ಸಿಟಿ9 ಟರ್ಬೊ, 135 ಪಿಎಸ್. ಸುಮ್ನೆ ಕೇಳಿದರೆ 135 ಏನು ಮಹಾ ಅನ್ನಿಸಬಹುದು, ಇವತ್ತಿನ ಎಸ್‌ಯುವಿಗಳಲ್ಲಿ ಅದಕ್ಕಿಂತ ಜಾಸ್ತಿ ಇದೆ. ಆದರೆ ಇಪಿ82ರ ತೂಕ ಸುಮಾರು 830 ಕೆಜಿ ಮಾತ್ರ. ಲೆಕ್ಕ ಹಾಕಿ: ಒಂದು ಟನ್‌ಗೆ 160 ಪಿಎಸ್‌ಗಿಂತ ಮೇಲೆ. ನಿಮ್ಮ ಈಗಿನ ಗ್ಲಾಂಜಾದಲ್ಲಿ ಅದು 100ರ ಆಸುಪಾಸು. ಆ ಕಾರಿನ ರುಚಿ ಇರುವುದೇ ಇಲ್ಲಿ.

ಓಡಿಸುವಾಗ ಹೇಗಿರುತ್ತದೆ ಅಂದರೆ, ಎರಡನೇ ಗೇರ್‌ನಲ್ಲಿ ಕಾಲು ಪೂರ್ತಿ ಒತ್ತಿ. ಮೊದಲು ಏನೂ ಇಲ್ಲ, ಮಾಮೂಲಿ 1.3 ಲೀಟರ್ ಕಾರು. 3000 ಆರ್‌ಪಿಎಂ ಹತ್ತಿರ ಬಂತು ನೋಡಿ, ಬಾನೆಟ್ ಕೆಳಗಿಂದ ಸಣ್ಣಗೆ ಶಿಳ್ಳೆ ಹೊಡೆದ ಹಾಗೆ ಸದ್ದು ಶುರುವಾಗುತ್ತದೆ, ಸ್ಟಿಯರಿಂಗ್ ಕೈಯಲ್ಲಿ ಆ ಕಡೆ ಈ ಕಡೆ ಎಳೆಯುತ್ತದೆ, ಮುಂದಿನ ಟೈರ್ ರಸ್ತೆ ಹಿಡಿಯಲು ಒದ್ದಾಡುತ್ತದೆ, ಅಷ್ಟರಲ್ಲಿ ಗೇರ್ ಬದಲಿಸುವ ಹೊತ್ತು ಬಂದಿರುತ್ತದೆ. ಈಗಿನ ಟರ್ಬೊ ಕಾರುಗಳಲ್ಲಿ ಈ ಕಾಯುವಿಕೆಯೇ ಇಲ್ಲ, 1500ಕ್ಕೇ ಎಳೆತ ಬಂದುಬಿಡುತ್ತದೆ. ಊರೊಳಗೆ ಓಡಿಸಲು ಅದೇ ಒಳ್ಳೆಯದು, ನಿಜ. ಆದರೆ ಕಾದು, ಆಮೇಲೆ ಒಮ್ಮೆಲೇ ಸಿಗುವುದರ ಖುಷಿ ಅದರಲ್ಲಿ ಇಲ್ಲ.

ಇನ್ನೊಂದು ನನಗೆ ತುಂಬಾ ಇಷ್ಟ. ಆ ಕಾರಿನಲ್ಲಿ ಬೂಸ್ಟ್, ಅಂದರೆ ಟರ್ಬೊ ಗಾಳಿಯನ್ನು ಒತ್ತುವ ಪ್ರಮಾಣ, ಕಮ್ಮಿ ಮಾಡುವ ಬಟನ್ ಒಂದಿದೆ. ಒತ್ತಿದರೆ ಟರ್ಬೊ ತಗ್ಗಿ ನಡೆಯುತ್ತದೆ, ಮಳೆ ಬಂದಾಗ ಉಪಯೋಗ. ತೆಗೆದರೆ ಪೂರ್ತಿ. ಕಂಪನಿಯೇ ಇಂಥದ್ದೊಂದು ಕೊಟ್ಟಿದ್ದರೆ ಹುಡುಗರು ಇಂಜಿನ್ ಶಕ್ತಿ ಏರಿಸುವ ಟ್ಯೂನಿಂಗ್ ಹುಚ್ಚಿಗೆ ಬೀಳದೆ ಇರುತ್ತಾರಾ?

ಸ್ಟಾರ್ಲೆಟ್ ಒಂದೇ ಅಲ್ಲ. ಆ ಕಾಲದಲ್ಲಿ ಜಪಾನಿನವರು ಪುಟ್ಟ ಕಾರಿಗೆ ಟರ್ಬೊ ಹಾಕುವುದರಲ್ಲಿ ಪೈಪೋಟಿಗೆ ಬಿದ್ದಿದ್ದರು. ಅಲ್ಲಿ ಇಂಜಿನ್ ಸಿಸಿ ನೋಡಿ ತೆರಿಗೆ, ಹಾಗಾಗಿ ಸಿಸಿ ಏರಿಸದೆ ಶಕ್ತಿ ಏರಿಸುವುದು ಜಾಣತನ. ಹೋಂಡಾ ಸಿಟಿ ಟರ್ಬೊ 1982ರಲ್ಲೇ 100 ಪಿಎಸ್ ಕೊಟ್ಟಿತು, ಮರುವರ್ಷ ಒತ್ತಿದ ಗಾಳಿಯನ್ನು ತಣಿಸುವ ಇಂಟರ್‌ಕೂಲರ್ ಸೇರಿಸಿ 110 ಮಾಡಿದರು. ಡೈಹಟ್ಸು ಶರೇಡ್ ಜಿಟಿಟಿಐ ಅಂತ 1987ರ ಕಾರು, ಮೂರೇ ಸಿಲಿಂಡರ್, 993 ಸಿಸಿ, 101 ಪಿಎಸ್. ನಿಸಾನ್‌ನವರು 1989ರಲ್ಲಿ ಮಾರ್ಚ್ ಸೂಪರ್ ಟರ್ಬೊಗೆ ಸೂಪರ್‌ಚಾರ್ಜರ್ (ಇಂಜಿನ್ನೇ ತಿರುಗಿಸುವ ಗಾಳಿ ಒತ್ತುವ ಸಾಧನ), ಟರ್ಬೊ ಎರಡನ್ನೂ ಒಟ್ಟಿಗೆ ಹಾಕಿದರು, ಅದೂ 930 ಸಿಸಿಗೆ! ಈ ಕಾರುಗಳನ್ನು ಮಾಡಿದ ಇಂಜಿನಿಯರ್‌ಗಳ ಮೇಲೆ ನನಗೆ ನಿಜಕ್ಕೂ ಗೌರವ.

ಸರ್, ನಾನು ಮೆಕ್ಯಾನಿಕಲ್ ಮೂರನೇ ವರ್ಷ. ಪ್ರಾಜೆಕ್ಟ್‌ಗೆ ಸ್ಟಾರ್ಲೆಟ್ ಟರ್ಬೊ ಟ್ಯೂನಿಂಗ್ ತಗೊಂಡಿದ್ದೀನಿ. ಬೂಸ್ಟ್ ಕಂಟ್ರೋಲರ್ ಒಂದು ಹಾಕಿದರೆ ಸಾಕು, 135 ಇದ್ದದ್ದು 170–180 ಆಗುತ್ತೆ ಅಂತ ಫ್ರೆಂಡ್ಸ್ ಹೇಳ್ತಾರೆ. ನಿಜಾನಾ? ಏನು ಮೊದಲು, ಏನು ಆಮೇಲೆ?
– ಇಂಜಿನಿಯರಿಂಗ್ ವಿದ್ಯಾರ್ಥಿ, ಮಂಡ್ಯ

ಬೂಸ್ಟ್ ಏರಿಸಿದರೆ ಶಕ್ತಿ ಏರುತ್ತದೆ, ಅದು ನಿಜ. ಆದರೆ ಅದು ಮಾಡಬೇಕಾದ ಕೊನೆಯ ಕೆಲಸ. ನಿಮ್ಮ ಫ್ರೆಂಡ್ಸ್ ಅದನ್ನು ಮೊದಲು ಇಡುತ್ತಿದ್ದಾರೆ. 4ಇ ಇಂಜಿನ್ ಸೀಸ್ ಆದ, ಪಿಸ್ಟನ್ ಒಡೆದ ಕಥೆಗಳಲ್ಲಿ ಬಹಳಷ್ಟು ಶುರುವಾಗುವುದೇ ಹೀಗೆ.

ಯಾಕೆ ಅಂತ ಹೇಳುತ್ತೇನೆ. ಟರ್ಬೊ ಗಾಳಿಯನ್ನು ಒತ್ತುತ್ತದೆ. ಒತ್ತಿದ ಗಾಳಿ ಬಿಸಿಯಾಗುತ್ತದೆ. ಸ್ಟಾರ್ಲೆಟ್‌ನ ಕಂಪನಿ ಬೂಸ್ಟ್ ಸುಮಾರು 0.65 ಬಾರ್ (ಬಾರ್ ಅಂದರೆ ಗಾಳಿಯ ಒತ್ತಡದ ಅಳತೆ). ಮಂಡ್ಯದ ಏಪ್ರಿಲ್ ಬಿಸಿಲಲ್ಲಿ 36 ಡಿಗ್ರಿ ಇರುವ ಗಾಳಿಯನ್ನು ಅಷ್ಟು ಒತ್ತಿದರೆ ಟರ್ಬೊದಿಂದ ಹೊರಗೆ ಬರುವಾಗ 100 ಡಿಗ್ರಿ ದಾಟಿರುತ್ತದೆ. ನೀವೇ ಲೆಕ್ಕ ಮಾಡಿ ನೋಡಿ, ಕಂಪ್ರೆಸರ್ ಎಫಿಶಿಯೆನ್ಸಿ ಶೇ. 65 ಅಂತ ಇಟ್ಟುಕೊಳ್ಳಿ. ಪ್ರಾಜೆಕ್ಟ್ ವರದಿಯಲ್ಲಿ ಒಂದು ಪುಟಕ್ಕೆ ಆಗುತ್ತದೆ. ಈ ಬಿಸಿ ಗಾಳಿ ಸಿಲಿಂಡರ್ ಒಳಗೆ ಹೋದಾಗ ಸ್ಪಾರ್ಕ್‌ನ ಬೆಂಕಿ ತಲುಪುವ ಮೊದಲೇ ಮೂಲೆಯಲ್ಲಿ ಉಳಿದ ಮಿಶ್ರಣ ತಾನಾಗಿಯೇ ಹೊತ್ತಿಕೊಳ್ಳುತ್ತದೆ. ಅದೇ ನಾಕಿಂಗ್. ಲೋಡ್ ಬಿದ್ದಾಗ ಇಂಜಿನ್ ಒಳಗೆ ಸಣ್ಣ ಬೋಲ್ಟ್ ಅಲ್ಲಾಡಿಸಿದ ಹಾಗೆ ಕಿಣಿ ಕಿಣಿ ಅನ್ನುತ್ತದಲ್ಲ, ಅದು. ಇದನ್ನು ತಡೆಯಲೆಂದೇ ಟೊಯೊಟಾದವರು ಕಂಪ್ರೆಷನ್ ರೇಷಿಯೊ (ಸಿಲಿಂಡರ್ ಒಳಗೆ ಮಿಶ್ರಣವನ್ನು ಪಿಸ್ಟನ್ ಎಷ್ಟು ಪಟ್ಟು ಅದುಮುತ್ತದೆ ಅನ್ನೋದು) ಕಮ್ಮಿ ಇಟ್ಟರು, ಇಪಿ82ರಲ್ಲಿ 8.2. ನೀವು ಬೂಸ್ಟ್ ಏರಿಸಿದಷ್ಟೂ ಅವರು ಬಿಟ್ಟಿದ್ದ ಅಂತರವನ್ನು ತಿನ್ನುತ್ತಾ ಹೋಗುತ್ತೀರಿ.

ಹಾಗಾಗಿ ಮೊದಲ ಕೆಲಸ ಇಂಜಿನ್‌ನ ಆರೋಗ್ಯ. ಮೂವತ್ತು ವರ್ಷದ ಇಂಜಿನ್ ಅದು. ಕಂಪ್ರೆಷನ್ ಟೆಸ್ಟ್ ಮಾಡಿ, ನಾಲ್ಕೂ ಸಿಲಿಂಡರ್ ಹೆಚ್ಚುಕಮ್ಮಿ ಒಂದೇ ಅಂಕಿ ತೋರಿಸಬೇಕು. ಒಂದು ಮಾತ್ರ ತೀರಾ ಕಮ್ಮಿ ಇದ್ದರೆ ಅಲ್ಲಿಗೆ ನಿಲ್ಲಿಸಿ. ಸಿಲಿಂಡರ್ ಸವೆದು ಬೋರ್‌ಗೆ ಬಂದ ಇಂಜಿನ್‌ಗೆ ಯಾವ ಟ್ಯೂನಿಂಗೂ ಇಲ್ಲ. ಟೈಮಿಂಗ್ ಬೆಲ್ಟ್ ಯಾವಾಗ ಬದಲಾಯಿಸಿದ್ದು ಅಂತ ಗೊತ್ತಿಲ್ಲದಿದ್ದರೆ ಹೊಸದು ಹಾಕಿ. ಹೋಸ್ ಪೈಪುಗಳನ್ನು ಒಂದೊಂದಾಗಿ ಕೈಯಲ್ಲಿ ಹಿಚುಕಿ ನೋಡಿ, ಹಳೇ ರಬ್ಬರ್ ಗಟ್ಟಿಯಾಗಿ ಕ್ಲಿಪ್ ಹತ್ತಿರ ಸೀಳಿರುತ್ತದೆ, ನಿಂತಿದ್ದಾಗ ಕಾಣುವುದಿಲ್ಲ, ಬೂಸ್ಟ್ ಬಂದಾಗ ಅಲ್ಲಿಂದಲೇ ಗಾಳಿ ಸೋರುತ್ತದೆ. ಎಷ್ಟೋ ಕಾರುಗಳಲ್ಲಿ ಕಳೆದುಹೋದ ಪಿಕಪ್ ಒಂದು ಹೋಸ್ ಬದಲಿಸಿದ ಕೂಡಲೇ ವಾಪಸ್ ಬರುತ್ತದೆ.

ಎರಡನೆಯದು ಮೀಟರ್‌ಗಳು. ಬೂಸ್ಟ್ ಗೇಜ್, ಗಾಳಿ-ಪೆಟ್ರೋಲ್ ಅನುಪಾತ ತೋರಿಸುವ ವೈಡ್‌ಬ್ಯಾಂಡ್ ಗೇಜ್. ಇವೆರಡು ಇಲ್ಲದೆ ಟ್ಯೂನ್ ಮಾಡುವುದು ಕಣ್ಣು ಕಟ್ಟಿಕೊಂಡು ಮಾಡುವ ಕೆಲಸ. ಪೂರ್ತಿ ಬೂಸ್ಟ್‌ನಲ್ಲಿ ಈ ಅನುಪಾತ, ಅಂದರೆ ಒಂದು ಪಾಲು ಪೆಟ್ರೋಲ್‌ಗೆ ಗಾಳಿ ಎಷ್ಟು ಪಾಲು ಅನ್ನೋದು, 11.5ರಿಂದ 12ರ ನಡುವೆ ಇದ್ದರೆ ಕ್ಷೇಮ.

ಆಮೇಲೆ ಇಂಟರ್‌ಕೂಲರ್. ಸ್ಟಾರ್ಲೆಟ್‌ನಲ್ಲಿ ಅದು ಇಂಜಿನ್ ತಲೆ ಮೇಲೆಯೇ ಮಲಗಿದೆ, ಬಾನೆಟ್‌ನ ಆ ಬಾಯಿ ಇರುವುದು ಅದಕ್ಕೇ. ಕಾರು ಓಡುತ್ತಿದ್ದರೆ ಸರಿ. ಸಿಗ್ನಲ್‌ನಲ್ಲಿ ನಿಂತರೆ ಕೆಳಗಿನ ಇಂಜಿನ್ ಅದನ್ನೇ ಕಾಯಿಸುತ್ತದೆ, ಮಜ್ಜಿಗೆ ಚೊಂಬನ್ನು ಉರಿಯುವ ಒಲೆ ಪಕ್ಕ ಇಟ್ಟ ಹಾಗೆ. ನಿಸಾನ್ ಪಲ್ಸರ್ ಜಿಟಿಐ-ಆರ್ ಅಂತ 230 ಪಿಎಸ್‌ನ, ನಾಲ್ಕೂ ಚಕ್ರ ಎಳೆಯುವ ಹ್ಯಾಚ್‌ಬ್ಯಾಕ್ ಇತ್ತು. 1991, 92ರಲ್ಲಿ ವಿಶ್ವ ರ‍್ಯಾಲಿಗೆ ಇಳಿಸಿದರು. ಅದರ ಇಂಟರ್‌ಕೂಲರ್ ಕೂಡ ಇಂಜಿನ್ ಮೇಲೆಯೇ. ಬಿಸಿ ಜಾಗಗಳಲ್ಲಿ ಅದೇ ಅದಕ್ಕೆ ಮುಳುವಾಯಿತು. ಅದರ ಅತಿ ಒಳ್ಳೆಯ ಫಲಿತಾಂಶ ಯಾವುದು ಗೊತ್ತಾ? 1992ರ ಸ್ವೀಡನ್ ರ‍್ಯಾಲಿಯಲ್ಲಿ ಸ್ಟಿಗ್ ಬ್ಲೋಮ್‌ಕ್ವಿಸ್ಟ್ ತಂದ ಮೂರನೇ ಸ್ಥಾನ. ಅಂದರೆ ಹಿಮದಲ್ಲಿ! ನಮ್ಮ ಕಡೆಯ ಹವಾಮಾನಕ್ಕೆ ಇಂಟರ್‌ಕೂಲರ್ ಅನ್ನು ಮುಂದಿನ ಬಂಪರ್ ಹಿಂದೆ ಕೂರಿಸುವುದೇ ಸರಿ ಅಂತ ನಾನು ಖಂಡಿತವಾಗಿ ಹೇಳುತ್ತೇನೆ.

ಇಷ್ಟಾದ ಮೇಲೆ ಪೆಟ್ರೋಲ್ ಪೂರೈಕೆ. ಇಲ್ಲೇ ಒಂದು ದೊಡ್ಡ ಹಳ್ಳ ಇದೆ, ಹುಷಾರು. ಬೂಸ್ಟ್ ಒಂದು ಮಿತಿ ದಾಟಿದರೆ ಟೊಯೊಟಾ ಇಸಿಯು (ಇಂಜಿನ್ ನಡೆಸುವ ಕಂಪ್ಯೂಟರ್) ಪೆಟ್ರೋಲ್ ಪೂರ್ತಿ ನಿಲ್ಲಿಸಿಬಿಡುತ್ತದೆ. ಇಂಜಿನ್ ಕಾಪಾಡಲು ಇಟ್ಟ ಕಾವಲು ಅದು. ಅದನ್ನು ತಪ್ಪಿಸಲು ಫ್ಯೂಯಲ್ ಕಟ್ ಡಿಫೆಂಡರ್ ಅಂತ ಒಂದು ಸಣ್ಣ ಡಬ್ಬಿ ಮಾರುತ್ತಾರೆ. ಅದು ಏನು ಮಾಡುತ್ತದೆ ಅಂದರೆ ಪ್ರೆಷರ್ ಸೆನ್ಸರ್‌ನಿಂದ ಬರುವ ಸಿಗ್ನಲ್ ಒಂದು ಹಂತದ ಮೇಲೆ ಏರದ ಹಾಗೆ ಹಿಡಿದಿಡುತ್ತದೆ. ಒಳಗೆ ನಿಜವಾಗಿ 0.95 ಬಾರ್ ಇದ್ದರೂ ಇಸಿಯುಗೆ ಕಾಣುವುದು ಕಮ್ಮಿ. ಈ ಇಂಜಿನ್ ಪೆಟ್ರೋಲ್ ಲೆಕ್ಕ ಹಾಕುವುದೇ ಆ ಸೆನ್ಸರ್ ನೋಡಿಕೊಂಡು. ಹಾಗಾಗಿ ಗಾಳಿ ಜಾಸ್ತಿ, ಪೆಟ್ರೋಲ್ ಹಳೇ ಲೆಕ್ಕದ್ದೇ. ಮಿಶ್ರಣ ತೆಳುವಾಗುತ್ತದೆ, ಬಿಸಿ ಏರುತ್ತದೆ, ನಾಕಿಂಗ್ ಶುರು, ಪಿಸ್ಟನ್ ಹೋಯಿತು. ಆ ಡಬ್ಬಿಯ ಬದಲು ಟ್ಯೂನ್ ಮಾಡಬಹುದಾದ ಇಸಿಯು, ದೊಡ್ಡ ಇಂಜೆಕ್ಟರ್, ಒಳ್ಳೆಯ ಪಂಪ್ ಹಾಕಿ. ದುಬಾರಿ, ಗೊತ್ತು. ಇಂಜಿನ್ ಅದಕ್ಕಿಂತ ದುಬಾರಿ.

ಬೂಸ್ಟ್‌ನ ಸರದಿ ಇದೆಲ್ಲ ಮುಗಿದ ಮೇಲೆ. ಆಗಲೂ ಸಿಟಿ9 ಪುಟ್ಟ ಟರ್ಬೊ ಅನ್ನೋದು ನೆನಪಿರಲಿ. ಒಂದು ಹಂತ ದಾಟಿದರೆ ಅದು ಊದುವುದು ಬರೀ ಬಿಸಿ ಗಾಳಿ, ಗೇಜ್‌ನಲ್ಲಿ ಅಂಕಿ ಏರುತ್ತದೆ, ಚಕ್ರಕ್ಕೆ ಏನೂ ಬರುವುದಿಲ್ಲ. ಅದಕ್ಕಿಂತ ಮುಂದೆ ಹೋಗಬೇಕಾದವರು ಟರ್ಬೊವನ್ನೇ ಬದಲಿಸುತ್ತಾರೆ, ಟಿಡಿ04 ಅನ್ನುವ ಇನ್ನೂ ದೊಡ್ಡ ಟರ್ಬೊ ತುಂಬಾ ಜನ ಹಾಕುತ್ತಾರೆ. ಪ್ರಾಜೆಕ್ಟ್‌ಗೆ ನನ್ನ ಸಲಹೆ: ಸಿಟಿ9 ಇಟ್ಟುಕೊಂಡೇ, ಇಂಟರ್‌ಕೂಲರ್‌ಗೆ ಮುಂಚೆ ಮತ್ತು ಆಮೇಲೆ ಗಾಳಿಯ ಬಿಸಿ ಎಷ್ಟು ಅನ್ನುವುದನ್ನೇ ವಿಷಯವಾಗಿ ತೆಗೆದುಕೊಳ್ಳಿ. ಒಳ್ಳೆಯ ಪ್ರಾಜೆಕ್ಟ್ ಆಗುತ್ತದೆ.

ಬ್ಲೋ-ಆಫ್ ವಾಲ್ವ್ ಹಾಕಿದರೆ ಪವರ್ ಜಾಸ್ತಿ ಆಗುತ್ತಾ ಸರ್?
– ಓದುಗರು, ಮದ್ದೂರು

ಇಲ್ಲ. ಆಕ್ಸಿಲರೇಟರ್ ಬಿಟ್ಟಾಗ ಇಂಜಿನ್‌ಗೆ ಗಾಳಿ ಬಿಡುವ ಬಾಗಿಲು, ಅಂದರೆ ಥ್ರಾಟಲ್, ಮುಚ್ಚುತ್ತದೆ, ಒತ್ತಿದ ಗಾಳಿಗೆ ಹೋಗಲು ದಾರಿ ಬೇಕು, ಅದಕ್ಕೆ ಆ ವಾಲ್ವ್. ಕಂಪನಿ ಕೊಟ್ಟದ್ದು ಅದೇ ಕೆಲಸವನ್ನು ಸದ್ದಿಲ್ಲದೆ ಮಾಡುತ್ತದೆ. ಗಾಳಿಯನ್ನು ಮೊದಲೇ ಅಳೆದುಕೊಳ್ಳುವ ಏರ್‌ಫ್ಲೋ ಸೆನ್ಸರ್ ಇರುವ ಕಾರಿನಲ್ಲಂತೂ ಅಳೆದ ಗಾಳಿಯನ್ನು ಹೊರಗೆ ಬಿಟ್ಟರೆ ಇಂಜಿನ್ ಮುಗ್ಗರಿಸುತ್ತದೆ. ಬರೀ ಸದ್ದಿಗಾಗಿ ಹಾಕಬೇಡಿ.

ನನ್ನ ಹತ್ತಿರ 2018ರ ಬಲೆನೋ ಆರ್‌ಎಸ್ ಇದೆ, ಸೆಕೆಂಡ್ ಹ್ಯಾಂಡ್ ತಗೊಂಡಿದ್ದು. ಎಕ್ಸ್‌ಪ್ರೆಸ್‌ವೇಯಲ್ಲಿ ಬೆಂಗಳೂರಿಗೆ ಓಡಾಡ್ತೀನಿ. ರೀಮ್ಯಾಪ್ ಮಾಡಿಸಲಾ?
– ಓದುಗರು, ಕುವೆಂಪುನಗರ, ಮೈಸೂರು

ಮೊದಲು ಒಂದು ಖುಷಿಯ ಮಾತು. ನಮ್ಮ ದೇಶದಲ್ಲಿ ಆ ಹಳೇ ಜಪಾನಿ ಗುಣಕ್ಕೆ ಹತ್ತಿರ ಬಂದ ಕಾರುಗಳಲ್ಲಿ ನಿಮ್ಮದೂ ಒಂದು. 998 ಸಿಸಿ ಬೂಸ್ಟರ್‌ಜೆಟ್, ಮೂರು ಸಿಲಿಂಡರ್, 102 ಪಿಎಸ್, ತೂಕವೂ ಕಮ್ಮಿ. ಜಾಸ್ತಿ ದಿನ ಮಾರಲಿಲ್ಲ ಅನ್ನೋದೇ ಬೇಸರ. ಜೋಪಾನ ಮಾಡಿ.

ಎಕ್ಸ್‌ಪ್ರೆಸ್‌ವೇಗಾಗಿ ರೀಮ್ಯಾಪ್ ಬೇಡ, ಅಂದರೆ ಶಕ್ತಿ ಏರಿಸಲು ಇಸಿಯು ಒಳಗಿನ ಲೆಕ್ಕವನ್ನು ಬದಲಿಸುವುದು ಬೇಡ. ಅಲ್ಲಿ ಮಿತಿ ಗಂಟೆಗೆ 100 ಕಿ.ಮೀ., ಕ್ಯಾಮೆರಾಗಳಿವೆ, ಅದಕ್ಕಿಂತ ಮುಖ್ಯವಾಗಿ ಆ ರಸ್ತೆ ತೆರೆದ ಮೊದಲ ತಿಂಗಳುಗಳಲ್ಲಿ ಎಷ್ಟು ಜೀವ ಹೋಯಿತು ಅನ್ನೋದು ಮಂಡ್ಯ, ರಾಮನಗರದವರಿಗೆ ಚೆನ್ನಾಗಿ ಗೊತ್ತು. ನಿಮ್ಮ ಕಾರು ಆ ಮಿತಿಗೆ ಈಗಿರುವ ಶಕ್ತಿಯಲ್ಲೇ ಆರಾಮಾಗಿ ಹೋಗುತ್ತದೆ.

ಕಾನೂನಿನ ಮಾತೂ ಇದೆ. ಮೋಟಾರು ವಾಹನ ಕಾಯ್ದೆಯ 52ನೇ ಸೆಕ್ಷನ್ ಪ್ರಕಾರ ಕಂಪನಿ ನಮೂದಿಸಿದ ವಿವರಗಳು ಬದಲಾಗುವ ಹಾಗೆ ಗಾಡಿಯನ್ನು ಮಾರ್ಪಡಿಸುವಂತಿಲ್ಲ. 2019ರಲ್ಲಿ ಸುಪ್ರೀಂ ಕೋರ್ಟ್ ಕೂಡ ಅದನ್ನೇ ಹೇಳಿತು. ಅಪಘಾತವಾದರೆ ಇನ್ಶೂರೆನ್ಸ್‌ನವರು ಮೊದಲು ಹುಡುಕುವುದೇ ಇಂಥದ್ದನ್ನು.

ಪೆಟ್ರೋಲ್ ವಿಷಯ ಇನ್ನೊಂದು. ಈಗ ಬಂಕ್‌ನಲ್ಲಿ ಸಿಗುವುದು ಶೇ. 20 ಎಥೆನಾಲ್ ಬೆರೆತದ್ದು. ನಾಕಿಂಗ್ ದೃಷ್ಟಿಯಿಂದ ಅದು ಒಳ್ಳೆಯದೇ, ನಾಕಿಂಗ್ ತಡೆಯುವ ಗುಣದ ಅಳತೆಯಾದ ಆಕ್ಟೇನ್ 95 ಇದೆ. ಆದರೆ ಶುದ್ಧ ಪೆಟ್ರೋಲ್‌ಗೆ 14.7 ಪಾಲು ಗಾಳಿ ಬೇಕಾದರೆ ಇದಕ್ಕೆ ಸುಮಾರು 13.6 ಸಾಕು, ಅಂದರೆ ಅಷ್ಟೇ ಗಾಳಿಗೆ ಪೆಟ್ರೋಲ್ ಜಾಸ್ತಿ ಬೇಕು. ಬೇರೆ ಪೆಟ್ರೋಲ್ ಇಟ್ಟುಕೊಂಡು ಯಾರೋ ಬರೆದ ಮ್ಯಾಪ್ ಅನ್ನು ಲ್ಯಾಪ್‌ಟಾಪ್‌ನಿಂದ ಹತ್ತು ನಿಮಿಷದಲ್ಲಿ ತುಂಬಿ ಕಳಿಸುವವರ ಹತ್ತಿರ ಹೋಗಬೇಡಿ. ಎಥೆನಾಲ್‌ಗೆ ಹಳೇ ರಬ್ಬರ್ ಆಗಿಬರುವುದಿಲ್ಲ, ಹಾಗಾಗಿ ಪ್ರತಿ ಸರ್ವಿಸ್‌ನಲ್ಲಿ ಫ್ಯೂಯಲ್ ಪೈಪುಗಳನ್ನು ತೋರಿಸಿ.

ಜೋರಾಗಿ ಓಡಿಸಲೇಬೇಕು ಅನ್ನಿಸಿದರೆ ಕೊಯಮತ್ತೂರಿನ ಕರಿ ಮೋಟಾರ್ ಸ್ಪೀಡ್‌ವೇ ನಮಗೆ ದೂರವೇನಲ್ಲ. ಟ್ರ್ಯಾಕ್ ಡೇ ಇದ್ದಾಗ ಹೋಗಿ. ಹೋಗುವ ಮುಂಚೆ ಬ್ರೇಕ್ ಆಯಿಲ್ ಹೊಸದು ಹಾಕಿಸಿ, ಟೈರ್ ನೋಡಿಸಿ. ಆ ಎರಡಕ್ಕೆ ಹಾಕಿದ ದುಡ್ಡು ಯಾವ ರೀಮ್ಯಾಪ್‌ಗಿಂತಲೂ ಜಾಸ್ತಿ ಖುಷಿ ಕೊಡುತ್ತದೆ.

ಟರ್ಬೊ ಕಾರನ್ನು ಚಾಮುಂಡಿ ಬೆಟ್ಟ ಹತ್ತಿಸಿದ ಮೇಲೆ ಕೂಡಲೇ ಆಫ್ ಮಾಡಬಾರದು ಅಂತಾರೆ, ನಿಜಾನಾ?
– ಗೃಹಿಣಿ, ನಜರ್‌ಬಾದ್, ಮೈಸೂರು

ನಿಜ ಮೇಡಂ. ಟರ್ಬೊ ಒಳಗಿನ ಶಾಫ್ಟ್ ನಿಮಿಷಕ್ಕೆ ಲಕ್ಷಕ್ಕೂ ಮೇಲೆ ಸುತ್ತುತ್ತದೆ, ಅದಕ್ಕೆ ಆಸರೆ ಇಂಜಿನ್ ಆಯಿಲ್ ಒಂದೇ. ಏರಿನಲ್ಲಿ ಎಳೆದು ಬಂದು ತಟ್ ಅಂತ ಆಫ್ ಮಾಡಿದರೆ ಆಯಿಲ್ ಹರಿಯುವುದು ನಿಲ್ಲುತ್ತದೆ, ಒಳಗೆ ಉಳಿದದ್ದು ಕರಕಲಾಗುತ್ತದೆ. ಪಾರ್ಕಿಂಗ್ ಹುಡುಕುತ್ತಾ ನಿಧಾನವಾಗಿ ಓಡಿಸುವ ಹೊತ್ತೇ ಸಾಮಾನ್ಯವಾಗಿ ಸಾಕು. ಜೋರಾಗಿ ಎಳೆದಿದ್ದರೆ ಒಂದು ನಿಮಿಷ ಐಡ್ಲಿಂಗ್‌ನಲ್ಲಿ ಬಿಡಿ. ಆಯಿಲ್ ಮಾತ್ರ ಸಮಯಕ್ಕೆ ಸರಿಯಾಗಿ ಬದಲಿಸಿ, ಕಂಪನಿ ಹೇಳಿದ ಗ್ರೇಡ್‌ನದ್ದೇ.

ಬೆಟ್ಟದ ಮಾತು ಬಂದದ್ದಕ್ಕೆ ಹೇಳುತ್ತೇನೆ. ಮೈಸೂರು ಇರುವುದೇ ಸಮುದ್ರಮಟ್ಟದಿಂದ ಸುಮಾರು 770 ಮೀಟರ್ ಮೇಲೆ. ಇಲ್ಲಿನ ಗಾಳಿ ಕಡಲ ತೀರದ ಗಾಳಿಗಿಂತ ಶೇ. 7–8ರಷ್ಟು ತೆಳು. ಟರ್ಬೊ ಇಲ್ಲದ ಕಾರು ಮಂಗಳೂರಿನಲ್ಲಿ ಕೊಟ್ಟಷ್ಟು ಶಕ್ತಿಯನ್ನು ಇಲ್ಲಿ ಕೊಡುವುದಿಲ್ಲ. ಟರ್ಬೊ ಆ ಕೊರತೆಯಲ್ಲಿ ಬಹುಪಾಲನ್ನು ತುಂಬಿಕೊಡುತ್ತದೆ.

ನಮ್ಮ ಭಾವ ನ್ಯೂಜಿಲೆಂಡ್‌ನಲ್ಲಿದ್ದಾರೆ. ಅಲ್ಲಿ ಸ್ಟಾರ್ಲೆಟ್ ಟರ್ಬೊ ಒಂದು ನೋಡಿದ್ದಾರೆ. ಏನೇನು ಚೆಕ್ ಮಾಡಬೇಕು? ವಾಪಸ್ ಬರುವಾಗ ಮೈಸೂರಿಗೆ ತರಬಹುದಾ?
– ಓದುಗರು, ವಿಜಯನಗರ, ಮೈಸೂರು

ತರಲು ಆಗುವುದಿಲ್ಲ. ಹಳೇ ಕಾರು ಆಮದು ಮಾಡಿಕೊಳ್ಳಬೇಕಾದರೆ ಅದು ತಯಾರಾಗಿ ಮೂರು ವರ್ಷ ದಾಟಿರಬಾರದು ಅನ್ನುವ ನಿಯಮವಿದೆ. ಸುಂಕವೂ ಭಾರಿ. ಭಾವ ಅಲ್ಲೇ ಓಡಿಸಿ ಖುಷಿಪಡಲಿ.

ನೋಡುವಾಗ ಇಂಜಿನ್ ತಣ್ಣಗಿರುವಾಗಲೇ ಹೋಗಲು ಹೇಳಿ. ಮಾರುವವನು ಮೊದಲೇ ಸ್ಟಾರ್ಟ್ ಮಾಡಿ ಬಿಸಿ ಮಾಡಿಟ್ಟಿದ್ದರೆ ಅನುಮಾನ ಪಡಬೇಕು. ಸ್ಟಾರ್ಟ್ ಆದ ಕೂಡಲೇ ನೀಲಿ ಹೊಗೆ ಬಂದರೆ ವಾಲ್ವ್ ಸೀಲ್ ಅಥವಾ ಟರ್ಬೊ ಸೀಲ್ ಹೋಗಿರಬಹುದು. ರೇಡಿಯೇಟರ್ ಮುಚ್ಚಳದಲ್ಲಿ ಹಾಲು ಬೆರೆತ ಕಾಫಿ ಬಣ್ಣದ ಜಿಡ್ಡು ಕಂಡರೆ ಹೆಡ್ ಗ್ಯಾಸ್ಕೆಟ್ ಹೋಗಿದೆ ಅಂತ ಅರ್ಥ, ಅಲ್ಲಿಂದಲೇ ಹೊರಟುಬಿಡಲಿ. ಹಿಂದಿನ ಚಕ್ರದ ಕಮಾನು, ಬಾಗಿಲ ಕೆಳಗಿನ ಅಂಚು, ಬೂಟ್‌ನ ಮ್ಯಾಟ್ ಅಡಿ ಎಲ್ಲಾ ಕಡೆ ತುಕ್ಕು ನೋಡಬೇಕು. ಬೂಸ್ಟ್ ಕಂಟ್ರೋಲರ್, ಸದ್ದಿನ ಸೈಲೆನ್ಸರ್ ಎಲ್ಲಾ ಇದ್ದು ಬಿಲ್ಲು ಒಂದೂ ಇಲ್ಲದಿದ್ದರೆ ಬೇಡ. ಯಾರೂ ಕೈ ಹಾಕದ, ಕಂಪನಿಯಿಂದ ಬಂದ ಹಾಗೆಯೇ ಉಳಿದ ಕಾರು ಸಿಕ್ಕರೆ ಸ್ವಲ್ಪ ಜಾಸ್ತಿ ಕೊಟ್ಟಾದರೂ ಅದನ್ನೇ ತೆಗೆದುಕೊಳ್ಳಲಿ.

ಅಪ್ಪನ 1998ರ ಮಾರುತಿ 800 ಇನ್ನೂ ಓಡ್ತಿದೆ. ಇದಕ್ಕೆ ಟರ್ಬೊ ಹಾಕಿಸಬೇಕು ಅಂತ ಆಸೆ. ಆಗುತ್ತಾ ಸರ್?
– ರೈತರು, ಪಾಂಡವಪುರ

ನಿಮ್ಮ ಆಸೆಗೆ ಒಂದು ಚರಿತ್ರೆಯೇ ಇದೆ. 1986ರಲ್ಲಿ ಬಂದ ಈ ಆಕಾರದ 800, ಜಪಾನಿನ ಸುಜುಕಿ ಆಲ್ಟೊದ ಮೇಲೆ ಮಾಡಿದ್ದು. ಅದೇ ತಲೆಮಾರಿನ ಆಲ್ಟೊಗೆ 1987ರಲ್ಲಿ ಸುಜುಕಿಯವರು ಟರ್ಬೊ ಹಾಕಿ ಆಲ್ಟೊ ವರ್ಕ್ಸ್ ಅಂತ ಬಿಟ್ಟರು. 543 ಸಿಸಿ, 64 ಪಿಎಸ್. ಜಪಾನಿನ ಪುಟ್ಟ ಕಾರುಗಳಿಗೆ 64 ಪಿಎಸ್ಸೇ ಮಿತಿ ಅಂತ ಕಂಪನಿಗಳು ತಮ್ಮತಮ್ಮಲ್ಲೇ ಒಪ್ಪಿಕೊಂಡದ್ದು ಆ ಕಾರಿನ ದೆಸೆಯಿಂದ. ಅಂದರೆ ನಿಮ್ಮ ತೋಟದ ಮನೆ ಮುಂದೆ ನಿಂತಿರುವುದು ಅದರ ಒಡಹುಟ್ಟು.

ಆದರೆ ಟರ್ಬೊ ಹಾಕಿಸಬೇಡಿ ಅಂತಲೇ ಹೇಳುತ್ತೇನೆ. ನಿಮ್ಮದು ಕಾರ್ಬುರೇಟರ್ ಇಂಜಿನ್. ಸುಮಾರು 37 ಹಾರ್ಸ್‌ಪವರ್‌ಗೆ ಮಾಡಿದ ಪಿಸ್ಟನ್, ಅಷ್ಟಕ್ಕೆ ತಕ್ಕ ಬ್ರೇಕ್, 12 ಇಂಚಿನ ಚಕ್ರ. ಟರ್ಬೊ ಕೂರಿಸಲು ಇಂಜೆಕ್ಷನ್, ಇಸಿಯು, ಬ್ರೇಕ್ ಎಲ್ಲಾ ಬದಲಾಗಬೇಕು, ಆಮೇಲೆ ಉಳಿಯುವುದು ಅಪ್ಪನ ಕಾರಿನ ಬಾಡಿ ಮಾತ್ರ. 15 ವರ್ಷ ದಾಟಿದ ಗಾಡಿ ಬೇರೆ, ಆರ್‌ಸಿ ನವೀಕರಣಕ್ಕೆ 5 ವರ್ಷಕ್ಕೊಮ್ಮೆ ಆರ್‌ಟಿಒ ಮುಂದೆ ನಿಲ್ಲಿಸಬೇಕು. ಅಲ್ಲಿ ಟರ್ಬೊ ಕಂಡರೆ ಕಾರೇ ಕೈಬಿಡಬೇಕಾಗಬಹುದು.

ಅದರ ಬದಲು ಹೀಗೆ ಮಾಡಿ. ಕಾರ್ಬುರೇಟರ್ ಬಿಚ್ಚಿಸಿ ಜೆಟ್ ಸಮೇತ ತೊಳೆಸಿ. ವಾಲ್ವ್ ಕ್ಲಿಯರೆನ್ಸ್ ಸರಿ ಮಾಡಿಸಿ, ಇಗ್ನಿಷನ್ ಟೈಮಿಂಗ್ ಅನ್ನು ಲೈಟ್ ಹಿಡಿದು ಇಡಿಸಿ, ಬರೀ ಕಿವಿ ಲೆಕ್ಕದಲ್ಲಿ ಬೇಡ. ಫ್ಯೂಯಲ್ ಹೋಸ್‌ಗಳನ್ನೆಲ್ಲ ಎಥೆನಾಲ್ ತಡೆಯುವ ಹೊಸ ರಬ್ಬರ್‌ಗೆ ಬದಲಿಸಿ. 800 ತೂಕ 650 ಕೆಜಿ ಆಸುಪಾಸು. ಇಷ್ಟು ಮಾಡಿಸಿದರೆ ಮೇಲುಕೋಟೆ ಏರನ್ನು ಮೂರನೇ ಗೇರ್‌ನಲ್ಲಿ ಎಳೆಯುತ್ತದಾ ನೋಡಿ, ನನಗೆ ಬರೆದು ತಿಳಿಸಿ.